ರತ್ನಗಂಬಳಿಗೆ ಸ್ನಾನ ಮಾಡಿಸುವ ಯಂತ್ರ

ಜುಲೈ ತಿಂಗಳ ಒಂದು ಬೆಳಗ್ಗೆ. ಮಳೆ ಹೊಡೆಯುತ್ತಲೇ ಇದೆ. ಕುಂದಾಪುರದ ಕಡೆಯ ಒಂದು ಮನೆಯನ್ನು ಊಹಿಸಿಕೊಳ್ಳಿ. ಚಾವಡಿಯಲ್ಲಿ ದುಬೈಯಿಂದ ಬಂದ ರತ್ನಗಂಬಳಿ ಹಾಸಿದೆ. ಅದರ ಅಂಚಿನಲ್ಲಿ ಬೂದು ಬಣ್ಣದ ಬೂಷ್ಟು ಕಾಣಿಸಿಕೊಂಡಿದೆ. ಐದನೇ ತರಗತಿಯ ಹುಡುಗ ರಾತ್ರಿಯಿಡೀ ಕೆಮ್ಮಿದ್ದಾನೆ. ಮನೆಯೊಡತಿ ಹೊಸದಾಗಿ ತಂದ ಕಾರ್ಪೆಟ್ ತೊಳೆಯುವ ಯಂತ್ರವನ್ನು ಪೆಟ್ಟಿಗೆಯಿಂದ ಹೊರತೆಗೆಯುತ್ತಾರೆ. ಮೂಲೆಯ ಮಂಚದಿಂದ ಅತ್ತೆಯ ದನಿ: "ಮಳ್ಗಾಲ್ದಗೆ ಕಂಬ್ಳಿ ತೊಳುದಾ? ಒಣ್ಸುದ್ ಎಲ್ಲ್ ಮಾರಾಯ್ತಿ?"

ಯಂತ್ರದ ಪೆಟ್ಟಿಗೆಯ ಮೇಲೆ ನಗುವ ಮಗುವಿನ ಚಿತ್ರವಿದೆ. ತೊಳೆದ ಕಂಬಳಿ ಎಷ್ಟು ಹೊತ್ತಿಗೆ ಒಣಗುತ್ತದೆ ಎಂದೂ ಅಚ್ಚಾಗಿದೆ. ಆದರೆ ಅದನ್ನು ಅಚ್ಚು ಹಾಕಿದವರು ಜುಲೈ ತಿಂಗಳ ಬೈಂದೂರನ್ನು ಕಂಡವರಲ್ಲ. ಈ ಅತ್ತೆ ಸೊಸೆಯರಲ್ಲಿ ಯಾರು ಹೇಳುವುದು ಸರಿ? ಇದಕ್ಕೆ ಉತ್ತರ ಹುಡುಕಲು ಹೊರಟರೆ ಹೈಸ್ಕೂಲಿನ ವಿಜ್ಞಾನ ಪುಸ್ತಕದ ಅರ್ಧದಷ್ಟು ಪಾಠಗಳು ಒಂದೊಂದಾಗಿ ಎದುರಾಗುತ್ತವೆ. ವಾಯುಭಾರ, ಮೇಲ್ಮೈ ಸೆಳೆತ, ಆರ್ದ್ರತೆ, ವಿದ್ಯುತ್ತು, ಸೂಕ್ಷ್ಮಜೀವಿಗಳು - ಎಲ್ಲವೂ ಒಂದೇ ಕಂಬಳಿಯ ಮೇಲೆ!

ಚಾಪೆಯ ನಾಡಿಗೆ ಕಂಬಳಿ ಬಂತು

ಕರಾವಳಿ ಮೂಲತಃ ಕಂಬಳಿಯ ನಾಡಲ್ಲ, ಚಾಪೆಯ ನಾಡು. ಮುಂಡಕನ ಓಲೆಯ ಚಾಪೆಯನ್ನು ಕೊಡವಿ, ಸುರುಳಿ ಸುತ್ತಿ, ಮೂಲೆಗೆ ಒರಗಿಸಿದರೆ ಕೆಲಸ ಮುಗಿಯಿತು. ನೆಲಕ್ಕೆ ಹಿಡಿಸೂಡಿ, ಆಮೇಲೆ ಒದ್ದೆ ಬಟ್ಟೆ. ಮದುವೆ, ಪೂಜೆ, ಯಕ್ಷಗಾನ ಕೂಟಗಳಿಗೆ ಹತ್ತಿಯ ಜಮಖಾನೆ. ಧಾರವಾಡ ಜಿಲ್ಲೆಯ ನವಲಗುಂದದಲ್ಲಿ ಹೆಂಗಸರು ನೇಯುವ ಜಮಖಾನೆಗಳು ಇಂದು ಭೌಗೋಳಿಕ ಗುರುತಿನ ಮಾನ್ಯತೆ ಪಡೆದಿವೆ. ಇವೆಲ್ಲ ಚಪ್ಪಟೆ ನೇಯ್ಗೆಯವು. ಎತ್ತಿ ಕೊಡವಬಹುದು, ಬಿಸಿಲಿಗೆ ಹಾಕಬಹುದು.

ಮುಂಬಯಿ, ಬೆಂಗಳೂರುಗಳ ಹೋಟೆಲುಗಳಿಗೆ, ಆಮೇಲೆ ಕೊಲ್ಲಿ ರಾಷ್ಟ್ರಗಳಿಗೆ ದುಡಿಯಲು ಹೋದವರು ಊರಲ್ಲಿ ಮನೆ ಕಟ್ಟಿಸಿದಾಗ ದಪ್ಪ ನೂಲಿನ ರತ್ನಗಂಬಳಿ, ಸೋಫಾ, ಸ್ಪಂಜಿನ ಹಾಸಿಗೆಗಳು ಬಂದವು. ಗಂಗೊಳ್ಳಿ, ಶಿರೂರುಗಳ ಮಸೀದಿಗಳಲ್ಲಿ, ಇಗರ್ಜಿಗಳ ಪೀಠದೆದುರಿನಲ್ಲಿ, ಬ್ರಹ್ಮಾವರದಂಥ ಪೇಟೆಗಳ ಸಭಾಭವನಗಳಲ್ಲಿ ನೆಲಹಾಸು ಸಾಮಾನ್ಯವಾಯಿತು. ವಸ್ತು ಬಂತು, ಅದರ ಆರೈಕೆಯ ತಿಳಿವಳಿಕೆ ಮಾತ್ರ ಜೊತೆಗೆ ಬರಲಿಲ್ಲ. ನಿಂತ ನೂಲುಗಳ ಈ ಹಾಸು ಒಂದು ಪುಟ್ಟ ಕಾಡಿದ್ದಂತೆ. ಮೇಲಿಂದ ಗುಡಿಸಿದರೆ ತುದಿಯ ಎಲೆ ಮಾತ್ರ ಅಲುಗುತ್ತದೆ, ಬುಡದ ಕೊಳೆ ಬುಡದಲ್ಲೇ ಉಳಿಯುತ್ತದೆ.

ಬುಡದಲ್ಲಿ ಏನಿದೆ?

ಮೊದಲನೆಯದು ನಮ್ಮ ಕೆಂಪು ಮಣ್ಣು. ಸ್ಕಾಟ್ಲೆಂಡಿನ ಫ್ರಾನ್ಸಿಸ್ ಬುಕಾನನ್ 1800-01ರಲ್ಲಿ ಮಲಬಾರು, ಕೆನರಾಗಳನ್ನು ಸುತ್ತಿ, ಕುಂದಾಪುರ ಬೈಂದೂರುಗಳ ಹಾದಿಯಾಗಿ ಉತ್ತರಕ್ಕೆ ಸಾಗಿದವನು. ಇಟ್ಟಿಗೆಯಂತೆ ಕಡಿಯಬಹುದಾದ ನಮ್ಮ ಮುರಕಲ್ಲಿಗೆ ಲ್ಯಾಟರೈಟ್ ಎಂಬ ಹೆಸರು ಕೊಟ್ಟವನೂ ಅವನೇ. 1807ರಲ್ಲಿ ಬಂದ ಅವನ ಪ್ರವಾಸ ಗ್ರಂಥದಲ್ಲಿ ಆ ಹೆಸರಿದೆ. ಮುರಕಲ್ಲಿನ ಕೆಂಪು ಕಬ್ಬಿಣದ ಆಕ್ಸೈಡಿನದು. ಅದು ನೀರಿನಲ್ಲಿ ಕರಗುವುದಿಲ್ಲ. ಸೂಕ್ಷ್ಮ ಜೇಡಿಯೊಂದಿಗೆ ಸೇರಿ ನೂಲಿನ ಎಳೆಗಳಿಗೆ ಅಂಟುತ್ತದೆ. ಮರಳಿನ ಕಣವಾದರೋ ಅರದಂತೆ ಕೆಲಸ ಮಾಡುತ್ತದೆ. ಪ್ರತಿ ಹೆಜ್ಜೆಗೂ ಎಳೆಯನ್ನು ಬುಡದಲ್ಲಿ ಸವೆಸುತ್ತದೆ.

ಎರಡನೆಯದು ಜೀವಂತ ಕೊಳೆ: ಧೂಳು ನುಸಿ. ಸುಮಾರು 0.3 ಮಿಲಿಮೀಟರ್ ಗಾತ್ರದ, ಎಂಟು ಕಾಲಿನ, ಜೇಡನ ದೂರದ ಬಂಧು. ನಮ್ಮ ಚರ್ಮದಿಂದ ಉದುರುವ ಹೊಟ್ಟೇ ಇದರ ಆಹಾರ. ಇದು ಕಚ್ಚುವುದಿಲ್ಲ. ಆದರೆ ಇದರ ಹಿಕ್ಕೆಯಲ್ಲಿರುವ ಪ್ರೋಟೀನು ಕೆಲವರಿಗೆ ಸೀನು, ಮೂಗು ಸೋರುವಿಕೆ, ಉಬ್ಬಸ ತರುತ್ತದೆ. ಮನೆಯ ಧೂಳಿನ ಅಲರ್ಜಿಗೂ ಈ ನುಸಿಗೂ ಇರುವ ಸಂಬಂಧವನ್ನು 1964ರಲ್ಲಿ ಬೆಳಕಿಗೆ ತಂದವರು ಹಾಲೆಂಡಿನ ವೂರ್‌ಹೋರ್ಸ್ಟ್ ಮತ್ತು ಸಂಗಡಿಗರು.

ನುಸಿ ನೀರು ಕುಡಿಯುವುದಿಲ್ಲ, ಗಾಳಿಯ ತೇವವನ್ನೇ ಹೀರಿಕೊಳ್ಳುತ್ತದೆ. ಗಾಳಿಯ ಆರ್ದ್ರತೆ ಬಹುಕಾಲ ಶೇಕಡಾ 50ಕ್ಕಿಂತ ಕೆಳಗಿದ್ದರೆ ಅದು ಒಣಗಿ ಸಾಯುತ್ತದೆ. ನಮ್ಮ ಕರಾವಳಿಯಲ್ಲಿ ವರ್ಷಕ್ಕೆ ಸುಮಾರು 4,000 ಮಿಲಿಮೀಟರ್ ಮಳೆ. ಅದರ ಬಹುಪಾಲು ಜೂನ್‌ನಿಂದ ಸೆಪ್ಟೆಂಬರ್‌ವರೆಗಿನ ನಾಲ್ಕೇ ತಿಂಗಳಲ್ಲಿ. ನುಸಿಗೆ ಇದಕ್ಕಿಂತ ಒಳ್ಳೆಯ ಊರು ಬೇಕೆ?

ಮೂರನೆಯದು ಬೂಷ್ಟು, ಅಂದರೆ ಶಿಲೀಂಧ್ರ. ಅದರ ಬೀಜಕಣಗಳು ಗಾಳಿಯಲ್ಲಿ ಸದಾ ಇರುತ್ತವೆ. ಒದ್ದೆಯಾದ ಹಾಸು ಒಂದೆರಡು ದಿನಗಳೊಳಗೆ ಒಣಗದಿದ್ದರೆ ಅವು ಮೊಳೆಯುತ್ತವೆ. ಕಂಬಳಿ ತೊಳೆಯುವ ಯಂತ್ರದ ಕಥೆಯೆಲ್ಲ ನಿಂತಿರುವುದು ಈ ಒಂದೆರಡು ದಿನಗಳ ಗಡುವಿನ ಮೇಲೆ.

ಕರವಸ್ತ್ರ ಬಾಯಿಗಿಟ್ಟ ಎಂಜಿನಿಯರ್

ನೆಲಹಾಸು ಶುಚಿಗೊಳಿಸುವ ಯಂತ್ರಗಳ ಹಿಂದೆ ಸ್ವಾರಸ್ಯದ ಕಥೆಗಳಿವೆ. ಅಮೆರಿಕದ ಗ್ರ್ಯಾಂಡ್ ರ‍್ಯಾಪಿಡ್ಸ್ ಎಂಬ ಊರಿನಲ್ಲಿ ಮೆಲ್ವಿಲ್ ಬಿಸೆಲ್ ಮತ್ತು ಆನ್ನಾ ಬಿಸೆಲ್ ದಂಪತಿ ಪಿಂಗಾಣಿ ಅಂಗಡಿ ನಡೆಸುತ್ತಿದ್ದರು. ಪಿಂಗಾಣಿಯ ಪೆಟ್ಟಿಗೆಗಳಿಂದ ಬೀಳುವ ಮರದ ಹೊಟ್ಟು ಕಂಬಳಿಗೆ ಸಿಕ್ಕಿ ಪೀಡಿಸುತ್ತಿತ್ತು. 1876ರಲ್ಲಿ ಮೆಲ್ವಿಲ್ ಚಕ್ರ ತಿರುಗಿದರೆ ಬ್ರಷ್ ತಿರುಗುವ ಗುಡಿಸುವ ಪೆಟ್ಟಿಗೆಗೆ ಪೇಟೆಂಟ್ ಪಡೆದ. 1889ರಲ್ಲಿ ಆತ ತೀರಿಕೊಂಡಾಗ ಕಂಪೆನಿಯ ಚುಕ್ಕಾಣಿ ಹಿಡಿದವಳು ಆನ್ನಾ.

ಲಂಡನ್ನಿನಲ್ಲಿ ಹ್ಯೂಬರ್ಟ್ ಸೆಸಿಲ್ ಬೂತ್ ಎಂಬ ಎಂಜಿನಿಯರ್ 1901ರಲ್ಲಿ ಧೂಳನ್ನು ಊದಿ ಹಾರಿಸುವ ಒಂದು ಯಂತ್ರದ ಪ್ರದರ್ಶನ ಕಂಡ. ಊದುವ ಬದಲು ಹೀರಿದರೆ ಹೇಗೆ ಎಂದು ಅವನಿಗೆ ಅನಿಸಿತು. ಹೋಟೆಲೊಂದರ ಮೆತ್ತೆ ಕುರ್ಚಿಯ ಮೇಲೆ ಕರವಸ್ತ್ರ ಹಾಸಿ, ಬಾಯಿಟ್ಟು ಜೋರಾಗಿ ಉಸಿರೆಳೆದ! ಕೆಮ್ಮು ಬಂತು, ಆದರೆ ಕರವಸ್ತ್ರದ ಅಡಿಯಲ್ಲಿ ಧೂಳಿನ ಕಪ್ಪು ಗುರುತೂ ಮೂಡಿತು. ಬೂತನ ಯಂತ್ರ ಎಷ್ಟು ದೊಡ್ಡದೆಂದರೆ ಕುದುರೆ ಗಾಡಿಯ ಮೇಲೆ ಬಂದು ಬೀದಿಯಲ್ಲಿ ನಿಲ್ಲುತ್ತಿತ್ತು, ಕಿಟಕಿಯ ಮೂಲಕ ಉದ್ದನೆಯ ಕೊಳವೆಗಳು ಒಳಹೋಗುತ್ತಿದ್ದವು. 1902ರಲ್ಲಿ ದೊರೆ ಏಳನೇ ಎಡ್ವರ್ಡನ ಪಟ್ಟಾಭಿಷೇಕಕ್ಕೆ ಮುನ್ನ ವೆಸ್ಟ್‌ಮಿನ್‌ಸ್ಟರ್ ಅಬೆಯ ಕಂಬಳಿಗಳನ್ನು ಇದೇ ಶುಚಿಗೊಳಿಸಿತು.

ಇದನ್ನು ಮನೆಯೊಳಗೆ ತಂದವನು ಓಹಾಯೋದ ಅಂಗಡಿಯೊಂದರ ಜಾಡಮಾಲಿ ಜೇಮ್ಸ್ ಮರ‍್ರೆ ಸ್ಪ್ಯಾಂಗ್ಲರ್. ಆತ ಉಬ್ಬಸದ ರೋಗಿ. ಗುಡಿಸುವಾಗ ಏಳುವ ಧೂಳು ತಾಳಲಾರದೆ ಫ್ಯಾನಿನ ಮೋಟಾರು, ದಿಂಬಿನ ಚೀಲ ಸೇರಿಸಿ ಕೈಯಲ್ಲಿ ತಳ್ಳುವ ಯಂತ್ರ ಮಾಡಿದ. 1908ರಲ್ಲಿ ಪೇಟೆಂಟ್ ಸಿಕ್ಕಿತು. ಅದನ್ನು ಕೊಂಡ ಹೂವರ್ ಮನೆತನದ ಹೆಸರು ಮುಂದೆ ವ್ಯಾಕ್ಯೂಂ ಕ್ಲೀನರಿಗೇ ಪರ್ಯಾಯವಾಯಿತು. ಭಾರತದಲ್ಲಿ 1982ರಲ್ಲಿ ಆರಂಭವಾದ ಯುರೇಕಾ ಫೋರ್ಬ್ಸ್ ಕಂಪೆನಿಯ ಮಾರಾಟಗಾರರು ಮನೆಮನೆಗೆ ಹೊತ್ತು ತಂದು ಇದನ್ನು ಮಧ್ಯಮ ವರ್ಗಕ್ಕೆ ಪರಿಚಯಿಸಿದರು. ಒಬ್ಬ ಉಬ್ಬಸದ ರೋಗಿಯ ಕಷ್ಟದಿಂದ ಹುಟ್ಟಿದ ಯಂತ್ರ ಇದು. ಅದನ್ನು ತಪ್ಪಾಗಿ ಬಳಸಿ ಮನೆಯ ಮಗುವಿಗೆ ಉಬ್ಬಸ ತರಿಸಿಕೊಳ್ಳಬಾರದಲ್ಲವೆ?

ಯಂತ್ರದ ಹೊಟ್ಟೆಯೊಳಗೆ

ವ್ಯಾಕ್ಯೂಂ ಕ್ಲೀನರ್ ಬೇರೆ, ಕಾರ್ಪೆಟ್ ತೊಳೆಯುವ ಯಂತ್ರ ಬೇರೆ. ಮೊದಲನೆಯದು ಒಣ ಧೂಳನ್ನು ಹೀರುತ್ತದೆ. ಎರಡನೆಯದು ಸಾಬೂನು ನೀರನ್ನು ಚಿಮುಕಿಸಿ, ಬ್ರಷ್ಷಿನಿಂದ ತಿಕ್ಕಿ, ಕೊಳೆನೀರನ್ನು ಹೀರಿ ತೆಗೆಯುತ್ತದೆ. ಇದರಲ್ಲಿ ಎರಡು ತೊಟ್ಟಿಗಳಿರುತ್ತವೆ. ಒಂದರಲ್ಲಿ ಶುದ್ಧ ದ್ರಾವಣ, ಇನ್ನೊಂದರಲ್ಲಿ ಹೀರಿದ ಕೊಳೆ. ನಡುವೆ ಒಂದು ಪುಟ್ಟ ಪಂಪು, ನೀರು ಸೀಳಿ ಹೊರಬರುವ ಸಣ್ಣ ತೂತುಗಳು, ಉರುಳುವ ಬ್ರಷ್ಷು, ಹೀರುವ ಮೂತಿ, ಮೋಟಾರು. ಕೊಳೆನೀರಿನ ತೊಟ್ಟಿಯಲ್ಲಿ ಒಂದು ತೇಲುಬುಂಡೆ. ನೀರು ತುಂಬಿದಾಗ ಅದು ಮೇಲೆದ್ದು ಹೀರುವ ದಾರಿಯನ್ನು ಮುಚ್ಚುತ್ತದೆ. ಮೋಟಾರಿಗೆ ನೀರು ಹೋಗದಂತೆ ಕಾಯುವ ದ್ವಾರಪಾಲಕ ಅದು.

ಯಂತ್ರ 'ಹೀರುತ್ತದೆ' ಎನ್ನುತ್ತೇವೆ. ನಿಜವಾಗಿ ತಳ್ಳುವುದು ಹೊರಗಿನ ಗಾಳಿ. ವಾತಾವರಣದ ಒತ್ತಡ ಸುಮಾರು 101 ಕಿಲೋಪಾಸ್ಕಲ್. ಅಂದರೆ 10 ಮೀಟರಿಗೂ ಮಿಕ್ಕಿ ಎತ್ತರದ ನೀರಿನ ಕಂಬದ ಭಾರ. ಯಂತ್ರದೊಳಗಿನ ರೆಕ್ಕೆಚಕ್ರ ರಭಸದಿಂದ ತಿರುಗಿ ಒಳಗಿನ ಒತ್ತಡವನ್ನು 20 ಕಿಲೋಪಾಸ್ಕಲ್‌ನಷ್ಟು ಇಳಿಸಿತೆನ್ನಿ. ಆಗ ಹೊರಗಿನ ಗಾಳಿ ನೀರನ್ನು ಸುಮಾರು ಎರಡು ಮೀಟರ್ ಎತ್ತರಿಸುವಷ್ಟು ಬಲದಿಂದ ಮೂತಿಯೊಳಗೆ ನುಗ್ಗಿಸುತ್ತದೆ. ಸ್ಟ್ರಾ ಹಾಕಿ ಎಳನೀರು ಕುಡಿಯುವಾಗಲೂ ಇದೇ ನಿಯಮ. ಸ್ಟ್ರಾದಲ್ಲಿ ತೂತಿದ್ದರೆ ಎಳನೀರು ಮೇಲೆ ಬರುವುದಿಲ್ಲ. ಯಂತ್ರದ ಮುಚ್ಚಳ ಸರಿಯಾಗಿ ಕೂರದಿದ್ದರೂ ಅಷ್ಟೇ.

ಇನ್ನು ಸಾಬೂನಿನ ಪಾತ್ರ. ನೀರಿನ ಮೇಲ್ಮೈ ಬಿಗಿಯಾದ ಚರ್ಮದಂತೆ ವರ್ತಿಸುತ್ತದೆ. ಆದ್ದರಿಂದ ಜಿಡ್ಡು ಹಿಡಿದ ಉಣ್ಣೆಯ ಮೇಲೆ ನೀರಿನ ಹನಿ ಗೋಲಿಯಂತೆ ನಿಲ್ಲುತ್ತದೆ. ಸಾಬೂನಿನ ಅಣು ಈ ಬಿಗಿತವನ್ನು ಅರ್ಧಕ್ಕೂ ಕೆಳಗೆ ಇಳಿಸಬಲ್ಲುದು. ಅದರ ಒಂದು ತುದಿಗೆ ನೀರು ಪ್ರಿಯ, ಇನ್ನೊಂದಕ್ಕೆ ಎಣ್ಣೆ ಪ್ರಿಯ. ಎಣ್ಣೆಯನ್ನು ಸುತ್ತುವರಿದು ನೀರಿನಲ್ಲಿ ತೇಲಿಸಿಬಿಡುತ್ತದೆ. ಮೇಲ್ಮೈ ಸೆಳೆತದ ಅಧ್ಯಯನಕ್ಕೆ ಬುನಾದಿ ಹಾಕಿದವರಲ್ಲಿ ಜರ್ಮನಿಯ ಆಗ್ನೆಸ್ ಪಾಕೆಲ್ಸ್ ಒಬ್ಬಳು. ಆಕೆಗೆ ವಿಶ್ವವಿದ್ಯಾಲಯದ ಓದು ದೊರೆತಿರಲಿಲ್ಲ. ಮನೆವಾರ್ತೆಯ ನಡುವೆ ಅಡುಗೆ ಮನೆಯಲ್ಲೇ ತಟ್ಟೆ, ಗುಂಡಿ, ತಕ್ಕಡಿ ಹೂಡಿ ಪ್ರಯೋಗ ಮಾಡಿದಳು. ಆಕೆಯ ಪತ್ರವನ್ನು ಲಾರ್ಡ್ ರ‍್ಯಾಲಿ 1891ರಲ್ಲಿ 'ನೇಚರ್' ಪತ್ರಿಕೆಯಲ್ಲಿ ಪ್ರಕಟಿಸಿದರು. ಪಾತ್ರೆ ತೊಳೆಯುವ ಕೆಲಸ ಕೀಳೆಂದು ಭಾವಿಸುವ ಹುಡುಗರು ಇದನ್ನು ನೆನಪಿಡಬೇಕು.

ತೊಳೆಯುವ ಮೊದಲು

ಮೊದಲ ನಿಯಮ: ಒಣ ಕೊಳೆಯನ್ನು ಒಣಗಿದ್ದಾಗಲೇ ತೆಗೆಯಬೇಕು. ಮಣ್ಣಿನ ಧೂಳಿರುವ ಕಂಬಳಿಗೆ ನೇರ ನೀರು ಚಿಮುಕಿಸಿದರೆ ಕಂಬಳಿಯ ಬುಡದಲ್ಲಿ ಕೆಸರುಗದ್ದೆಯೇ ತಯಾರಾಗುತ್ತದೆ. ಕೆಂಪು ಕೆಸರು ಮೆತ್ತಿದರೆ ಉಜ್ಜಬೇಡಿ. ಪೂರ್ತಿ ಒಣಗಲು ಬಿಟ್ಟು, ಮೆಲ್ಲಗೆ ಉದುರಿಸಿ, ವ್ಯಾಕ್ಯೂಂ ಹಿಡಿಯಿರಿ. ಮಗುಚಿ ಹಾಕಿ ಹಿಂಬದಿಯಿಂದಲೂ ತಟ್ಟಿದರೆ ಬುಡದ ಮರಳು ಕೆಳಗಿಳಿಯುತ್ತದೆ. ಈ ಹೊತ್ತಿನಲ್ಲಿ ಉಬ್ಬಸದ ಮಕ್ಕಳು ಆ ಕೋಣೆಯಲ್ಲಿರಬಾರದು. ತೆಳು ಚೀಲದ ಹಳೆಯ ವ್ಯಾಕ್ಯೂಂ ಕ್ಲೀನರುಗಳು ಅತಿ ಸೂಕ್ಷ್ಮ ಧೂಳನ್ನು ಹಿಂದಿನಿಂದ ಮತ್ತೆ ಕೋಣೆಗೇ ಊದುತ್ತವೆ. ಹೆಪಾ ಎಂಬ ಸೋಸುಕ 0.3 ಮೈಕ್ರಾನ್ ಕಣಗಳನ್ನೂ ಶೇಕಡಾ 99.97ರಷ್ಟು ತಡೆಯಬಲ್ಲುದು.

ಎರಡನೆಯದು, ನೂಲು ಯಾವುದೆಂದು ತಿಳಿಯಬೇಕು. ಹಿಂಬದಿಯಿಂದ ಒಂದೇ ಒಂದು ಎಳೆ ತೆಗೆದು, ದೊಡ್ಡವರ ಎದುರಿನಲ್ಲಿ, ಇಕ್ಕಳದಲ್ಲಿ ಹಿಡಿದು ಸುಟ್ಟು ನೋಡಿ. ಕೂದಲು ಸುಟ್ಟ ವಾಸನೆ ಬಂದು ಬೂದಿ ಪುಡಿಯಾದರೆ ಉಣ್ಣೆ ಅಥವಾ ರೇಷ್ಮೆ. ಕಾಗದ ಸುಟ್ಟ ವಾಸನೆ ಬಂದರೆ ಹತ್ತಿ, ಸೆಣಬು. ಕರಗಿ ಗಟ್ಟಿ ಮಣಿಯಾದರೆ ನೈಲಾನ್, ಪಾಲಿಪ್ರೊಪಿಲೀನ್‌ಗಳಂಥ ಕೃತಕ ನೂಲು. ಕೃತಕ ನೂಲು ಯಂತ್ರದ ತೊಳೆತವನ್ನು ಚೆನ್ನಾಗಿ ತಾಳುತ್ತದೆ. ಉಣ್ಣೆಗೆ ತಣ್ಣೀರು ಅಥವಾ ಉಗುರುಬೆಚ್ಚಗಿನ ನೀರು, ಸೌಮ್ಯ ದ್ರಾವಣ ಸಾಕು. ಬ್ಲೀಚಿಂಗ್ ಪುಡಿಯಂತೂ ಉಣ್ಣೆಯನ್ನೇ ಕರಗಿಸುತ್ತದೆ. ಕೈಯಿಂದ ಹೆಣೆದ ರೇಷ್ಮೆ ಕಂಬಳಿಯನ್ನು ಈ ಯಂತ್ರಕ್ಕೆ ಕೊಡಲೇಬಾರದು. ಹತ್ತಿ ಜಮಖಾನೆ ಬಣ್ಣ ಬಿಡುತ್ತದೆಯೇ ಎಂದು ಮೂಲೆಯಲ್ಲಿ ಒದ್ದೆ ಬಿಳಿ ಬಟ್ಟೆ ಒತ್ತಿ ನೋಡಬೇಕು.

ಮೂರನೆಯದು, ಕಲೆಗಳ ಗುಣ. ಎಣ್ಣೆ ತುಪ್ಪ ಚೆಲ್ಲಿದರೆ ಮೊದಲು ಮೈದಾ ಅಥವಾ ಪೌಡರು ಉದುರಿಸಿ ಹೀರಿಸಿ. ಮೊಟ್ಟೆ, ರಕ್ತ, ಹಾಲಿನ ಕಲೆಗೆ ತಣ್ಣೀರೇ ಸರಿ, ಬಿಸಿನೀರು ಪ್ರೋಟೀನನ್ನು ಗಟ್ಟಿಗೊಳಿಸುತ್ತದೆ. ಮೀನು ಗಸಿಯ ಅರಿಸಿನದ ಕಲೆಗೆ ಸೋಪು ಹಚ್ಚಿದರೆ ಅದು ಕೆಂಪಾಗುತ್ತದೆ. ಗಾಬರಿ ಬೇಡ! ಅರಿಸಿನ ಕ್ಷಾರವನ್ನು ಗುರುತಿಸುವ ಸೂಚಕ ಎಂಬ ಶಾಲೆಯ ಪಾಠ ನೆನಪಿಸಿಕೊಳ್ಳಿ. ಸೋಪು ಹೋದಂತೆ ಹಳದಿ ಮರಳುತ್ತದೆ, ಆ ಹಳದಿಯನ್ನು ಬಿಸಿಲು ತಾನೇ ಮಸುಕಾಗಿಸುತ್ತದೆ. ಯಾವ ಕಲೆಯನ್ನೇ ಆದರೂ ಅಂಚಿನಿಂದ ನಡುವಿಗೆ ಒತ್ತಬೇಕು, ತಿಕ್ಕಬಾರದು.

ಒಮ್ಮೆ ಒದ್ದೆ, ಎರಡು ಸಲ ಒಣ

ದ್ರಾವಣ ಹಾಕುವಾಗ ಹೆಚ್ಚಿನವರು ಮಾಡುವ ತಪ್ಪು ಧಾರಾಳತನ. ಹೆಚ್ಚು ಸಾಬೂನು ಹಾಕಿದರೆ ಹೆಚ್ಚು ಶುಚಿಯೆಂಬ ಭ್ರಮೆ. ಹೀರಿ ಹೋಗದೆ ಉಳಿದ ಸಾಬೂನು ಒಣಗಿ ಅಂಟಾಗುತ್ತದೆ. ಅದರ ಮೇಲೆ ಹೊಸ ಧೂಳು ಕೂತು, ತೊಳೆದ ವಾರದಲ್ಲೇ ಕಂಬಳಿ ಮೊದಲಿಗಿಂತ ಕಪ್ಪಾಗುತ್ತದೆ. ಬಟ್ಟೆ ಒಗೆಯುವ ಪುಡಿಯನ್ನಂತೂ ಹಾಕಲೇಬಾರದು. ಅದರ ನೊರೆ ಹಗುರ. ನೀರನ್ನು ತಡೆಯುವ ತೇಲುಬುಂಡೆ ನೊರೆಯನ್ನು ತಡೆಯಲಾರದು. ನೊರೆ ಮೋಟಾರಿಗೇ ಹೋಗುತ್ತದೆ.

ನೀರೂ ಮುಖ್ಯ. ಪಂಚಗಂಗಾವಳಿ ಸಮುದ್ರ ಸೇರುವ ಗಂಗೊಳ್ಳಿಯಂಥ ಅಳಿವೆಯ ಸುತ್ತ ಬೇಸಿಗೆಯಲ್ಲಿ ಬಾವಿ ನೀರು ಉಪ್ಪಾಗುವುದುಂಟು. ಸಮುದ್ರದ ಉಪ್ಪಿನಲ್ಲಿರುವ ಮೆಗ್ನೀಸಿಯಂ ಕ್ಲೋರೈಡ್ ಗಾಳಿಯ ತೇವವನ್ನು ಹೀರುತ್ತದೆ. ಉಪ್ಪಿನ ಜಾಡಿ ಮಳೆಗಾಲದಲ್ಲಿ ನೀರೊಡೆಯುವುದನ್ನು ಕಂಡಿಲ್ಲವೆ? ಆ ನೀರಿನಲ್ಲಿ ತೊಳೆದ ಕಂಬಳಿಯೂ ಹಾಗೆಯೇ ಸದಾ ತೇವವಾಗಿರುತ್ತದೆ, ಯಂತ್ರದ ಲೋಹದ ಭಾಗಗಳೂ ತುಕ್ಕು ಹಿಡಿಯುತ್ತವೆ. ಕಬ್ಬಿಣದ ಅಂಶವಿರುವ ಬಾವಿ ನೀರು ತಿಳಿ ಬಣ್ಣದ ಕಂಬಳಿಗೆ ಕಂದು ಕಲೆ ತರುತ್ತದೆ. ಅಂಥ ಕಡೆ ಸಿಹಿನೀರು ತಂದೇ ತೊಳೆಯಬೇಕು.

ಬಳಸುವಾಗ ಬಾಗಿಲಿನಿಂದ ದೂರದ ಮೂಲೆಯಲ್ಲಿ ಆರಂಭಿಸಿ ಬಾಗಿಲ ಕಡೆಗೆ ಹಿಂದೆ ಸರಿಯಬೇಕು. ನೀರಿನ ಗುಂಡಿ ಒತ್ತಿ ಒಮ್ಮೆ ನಿಧಾನ ಮುಂದಕ್ಕೆ, ಒಮ್ಮೆ ಹಿಂದಕ್ಕೆ. ಆಮೇಲೆ ಗುಂಡಿ ಬಿಟ್ಟು ಅದೇ ಪಟ್ಟಿಯ ಮೇಲೆ ಕನಿಷ್ಠ ಎರಡು ಸಲ ಬರೀ ಹೀರಬೇಕು. ಹೀರುವಾಗ ಅವಸರ ಸಲ್ಲದು. ಗಾಳಿಗೆ ನೀರನ್ನು ಎಳೆದೊಯ್ಯಲು ಸಮಯ ಬೇಕು. ಕೊನೆಗೆ ಸಾಬೂನಿಲ್ಲದ ನೀರಿನಿಂದ ಇನ್ನೊಂದು ಸುತ್ತು. ಪಾರದರ್ಶಕ ಮೂತಿಯಲ್ಲಿ ನೀರಿನ ಹನಿ ಕಾಣದಾಗುವವರೆಗೆ ಹೀರಿದರೆ ಒಣಗಿಸುವ ಅರ್ಧ ಕೆಲಸ ಮುಗಿದಂತೆ.

ಅತ್ತೆಯ ಲೆಕ್ಕ

ಎಷ್ಟು ಹೀರಿದರೂ ಕಂಬಳಿಯಲ್ಲಿ ಸ್ವಲ್ಪ ನೀರು ಉಳಿದೇ ಉಳಿಯುತ್ತದೆ. ದೊಡ್ಡ ಹಾಸೊಂದರಲ್ಲಿ 2 ಲೀಟರ್ ಉಳಿಯಿತೆನ್ನೋಣ. ಅದು ಆವಿಯಾಗಿ ಗಾಳಿಗೆ ಸೇರಬೇಕು. ಗಾಳಿಗೆ ಎಷ್ಟು ಆವಿಯನ್ನು ಹಿಡಿಯುವ ಶಕ್ತಿಯಿದೆ?

ಕೋಣೆಯ ಉದ್ದ 4 ಮೀಟರ್, ಅಗಲ 3, ಎತ್ತರ 2.5 ಆದರೆ ಗಾತ್ರ 30 ಘನ ಮೀಟರ್. ಮಳೆಗಾಲದ ದಿನ, ಉಷ್ಣತೆ 26 ಡಿಗ್ರಿ, ಆರ್ದ್ರತೆ ಶೇಕಡಾ 90 ಎಂದುಕೊಳ್ಳಿ. ಆ ಉಷ್ಣತೆಯಲ್ಲಿ ಒಂದು ಘನ ಮೀಟರ್ ಗಾಳಿ ಹೆಚ್ಚೆಂದರೆ ಸುಮಾರು 24.4 ಗ್ರಾಂ ಆವಿ ಹಿಡಿಯಬಲ್ಲುದು. ಅದರಲ್ಲಿ 22 ಗ್ರಾಂ ಆಗಲೇ ತುಂಬಿದೆ. ಉಳಿದ ಜಾಗ 2.4 ಗ್ರಾಂ. ಇಡೀ ಕೋಣೆಗೆ 72 ಗ್ರಾಂ, ಅಂದರೆ ಅರ್ಧ ಲೋಟವೂ ಇಲ್ಲ! ಎರಡು ಲೀಟರ್ ಒಣಗಬೇಕಾದರೆ ಕೋಣೆಯ ಗಾಳಿ ಪೂರ್ತಿಯಾಗಿ ಸುಮಾರು 28 ಸಲ ಬದಲಾಗಬೇಕು. ಅದೂ ಪ್ರತಿ ಸಲದ ಗಾಳಿ ಪೂರಾ ಆವಿ ತುಂಬಿಕೊಂಡು ಹೊರಹೋದರೆ ಮಾತ್ರ.

ಈಗ ಜನವರಿಯ ಮಧ್ಯಾಹ್ನ ತೆಗೆದುಕೊಳ್ಳಿ. ಉಷ್ಣತೆ 32 ಡಿಗ್ರಿ, ಆರ್ದ್ರತೆ ಶೇಕಡಾ 55. ಗಾಳಿಯ ಸಾಮರ್ಥ್ಯ ಸುಮಾರು 33.8 ಗ್ರಾಂ, ತುಂಬಿರುವುದು 18.6, ಖಾಲಿ 15.2. ಇಡೀ ಕೋಣೆಗೆ ಸುಮಾರು 456 ಗ್ರಾಂ. ಗಾಳಿ ನಾಲ್ಕೈದು ಸಲ ಬದಲಾದರೆ ಸಾಕು. ಯಂತ್ರ ಅದೇ, ಕಂಬಳಿ ಅದೇ, ವ್ಯತ್ಯಾಸ ಆರು ಪಟ್ಟಿಗೂ ಹೆಚ್ಚು. ಅತ್ತೆ ಗ್ರಾಂ ಲೆಕ್ಕ ಹಾಕಿದವರಲ್ಲ, ಆದರೆ ಆಸಾಡಿಯಲ್ಲಿ ಒಲೆಯ ಮೇಲೆ ಬಟ್ಟೆ ಒಣಗಿಸಿದವರು. ಅವರ ಉತ್ತರ ಸರಿ.

ಮಳೆಗಾಲದಲ್ಲಿ ಏನಾದರೂ ಚೆಲ್ಲಿ ತೊಳೆಯಲೇಬೇಕಾದರೆ ಆ ಜಾಗವನ್ನಷ್ಟೇ ತೊಳೆಯಿರಿ. ದಪ್ಪ ಒಣ ಬಟ್ಟೆ ಹಾಸಿ ತುಳಿದು ನೀರು ತೆಗೆಯಿರಿ. ಕಂಬಳಿಯ ಅಡಿಗೂ ಗಾಳಿ ಹೋಗುವಂತೆ ಎರಡು ಕುರ್ಚಿಗಳ ಮೇಲೆ ಹರಡಿ ಫ್ಯಾನ್ ಹಾಕಿ. ಎಸಿ ಇದ್ದರೆ ಅದು ಗಾಳಿಯ ತೇವವನ್ನು ನೀರಾಗಿಸಿ ಹೊರಹಾಕುವುದರಿಂದ ನೆರವಾಗುತ್ತದೆ. ಉಣ್ಣೆಯ ವಿಷಯದಲ್ಲಿ ಎಚ್ಚರ. ಅದು ತನ್ನ ತೂಕದ ಶೇಕಡಾ 30ರಷ್ಟು ತೇವ ಹೀರಿದರೂ ಕೈಗೆ ಒದ್ದೆ ಅನಿಸುವುದಿಲ್ಲ.

ನೀರು ಮತ್ತು ವಿದ್ಯುತ್ತು

ಒದ್ದೆ ಕಂಬಳಿಯ ಮೇಲೆ ಬರಿಗಾಲಲ್ಲಿ ನಿಂತು ವಿದ್ಯುತ್ ಯಂತ್ರ ಹಿಡಿಯುವುದೆಂದರೆ ಹುಡುಗಾಟವಲ್ಲ. ಒದ್ದೆ ಚರ್ಮದ ರೋಧ ಒಣ ಚರ್ಮಕ್ಕಿಂತ ತೀರ ಕಡಿಮೆ. ರಬ್ಬರ್ ಚಪ್ಪಲಿ ಹಾಕಿಕೊಂಡೇ ಕೆಲಸ ಮಾಡಬೇಕು. ಮೂರು ಪಿನ್ನಿನ ಪ್ಲಗ್ಗಿನ ದೊಡ್ಡ ಪಿನ್ನು ಅರ್ತಿಂಗಿನದು. ಅದನ್ನು ಕಿತ್ತು ಎರಡು ಪಿನ್ನಿನಲ್ಲಿ ಸಿಕ್ಕಿಸುವುದು ಪ್ರಾಣದೊಂದಿಗೆ ಆಟ. ಸೋರಿಕೆಯಾದೊಡನೆ ವಿದ್ಯುತ್ತನ್ನು ಕಡಿಯುವ 30 ಮಿಲಿ ಆಂಪಿಯರಿನ ಆರ್‌ಸಿಸಿಬಿ ಮನೆಯಲ್ಲಿ ಇರಲೇಬೇಕು.

ಯಂತ್ರ 1,400 ವಾಟ್‌ನದಾದರೆ, 230 ವೋಲ್ಟಿನಲ್ಲಿ ಭಾಗಿಸಿದಾಗ 6 ಆಂಪಿಯರಿಗೂ ಸ್ವಲ್ಪ ಹೆಚ್ಚು. ಸಣ್ಣ ಸಾಕೆಟ್ಟಿನ ಮಿತಿಯೇ 6 ಆಂಪಿಯರ್. ಆದ್ದರಿಂದ 16 ಆಂಪಿಯರಿನ ದೊಡ್ಡ ಸಾಕೆಟ್ಟಿಗೇ ಹಾಕಬೇಕು. ಎಕ್ಸ್‌ಟೆನ್ಷನ್ ವಯರನ್ನು ಸುರುಳಿಯಲ್ಲೇ ಬಿಟ್ಟು ಬಳಸಿದರೆ ಬಿಸಿಯಾಗಿ ಕರಗಬಹುದು. ಅರ್ಧ ಗಂಟೆ ಓಡಿಸಿದರೆ ಖರ್ಚು 0.7 ಯೂನಿಟ್, ಅದಕ್ಕೆ ಹೆದರಬೇಕಿಲ್ಲ.

ವಿದೇಶದಿಂದ ತರುವವರು ಯಂತ್ರದ ಹಿಂದಿನ ಚೀಟಿ ಓದಬೇಕು. ಅಮೆರಿಕದ ಯಂತ್ರ 120 ವೋಲ್ಟಿನದು. ನಮ್ಮ 230ಕ್ಕೆ ಸಿಕ್ಕಿಸಿದರೆ ವೋಲ್ಟೇಜು ಸುಮಾರು ಎರಡು ಪಟ್ಟು, ಶಾಖ ಸುಮಾರು ನಾಲ್ಕು ಪಟ್ಟು. ಕ್ಷಣದಲ್ಲಿ ಹೊಗೆ! ದುಬೈ ಯಂತ್ರಕ್ಕೆ ವೋಲ್ಟೇಜು ಹೊಂದುತ್ತದೆ, ಆದರೆ ಪಿನ್ನು ಚೌಕ. ಬಲ್ಲ ಎಲೆಕ್ಟ್ರಿಷಿಯನ್‌ನಿಂದ ಅರ್ತಿಂಗ್ ಸಹಿತ ಪ್ಲಗ್ಗು ಬದಲಾಯಿಸಿಕೊಳ್ಳಬೇಕು. ಗುಡುಗು ಮಿಂಚಿನ ಹೊತ್ತಿನಲ್ಲಿ ಯಂತ್ರ ಬಳಸಬೇಡಿ. ತೊಟ್ಟಿ ತೆಗೆಯುವ ಮುನ್ನ, ಬ್ರಷ್ಷಿಗೆ ಕೈಹಾಕುವ ಮುನ್ನ ಪ್ಲಗ್ಗು ತೆಗೆದೇ ಮುಂದುವರಿಯಿರಿ.

ತೊಳೆಯುವ ಯಂತ್ರವನ್ನೂ ತೊಳೆಯಬೇಕು

ಕೆಲಸ ಮುಗಿದ ಮೇಲೆ ಯಂತ್ರವನ್ನು ಹಾಗೇ ಮೂಲೆಗೆ ತಳ್ಳುವುದೇ ಅದು ಬೇಗ ಹಾಳಾಗಲು ಮುಖ್ಯ ಕಾರಣ. ಕೊಳೆನೀರನ್ನು ರಾತ್ರಿಯಿಡೀ ಬಿಟ್ಟರೆ ಬ್ಯಾಕ್ಟೀರಿಯಾ ಬೆಳೆದು ನಾರುತ್ತದೆ. ಮುಂದಿನ ಸಲ ಆ ವಾಸನೆ ಇಡೀ ಚಾವಡಿಗೆ. ತೊಟ್ಟಿಯನ್ನು ಕೂಡಲೇ ಬರಿದು ಮಾಡಿ, ಬಾವಿಕಟ್ಟೆಯಿಂದ ದೂರ ಚೆಲ್ಲಿ. ಒಂದು ಲೀಟರ್ ಶುದ್ಧ ನೀರನ್ನು ಯಂತ್ರದ ಮೂಲಕ ಹಾಯಿಸಿದರೆ ಪಂಪು ಮತ್ತು ಕೊಳವೆಯ ಸಾಬೂನು ಹೋಗುತ್ತದೆ. ತೊಟ್ಟಿಗಳನ್ನು ಮುಚ್ಚಳ ತೆರೆದೇ ಒಣಗಿಸಿ.

ಬ್ರಷ್ಷಿಗೆ ಕೂದಲು, ದಾರ, ತೆಂಗಿನ ನಾರು ಸುತ್ತಿಕೊಳ್ಳುತ್ತವೆ. ಕತ್ತರಿಯಿಂದ ಕತ್ತರಿಸಿ ಬಿಡಿಸಬೇಕು. ಇಲ್ಲದಿದ್ದರೆ ಬ್ರಷ್ಷು ತಿರುಗದೆ ಬೆಲ್ಟು ಸವೆದು ತುಂಡಾಗುತ್ತದೆ. ಸೋಸುಕವನ್ನು ತೊಳೆದ ಮೇಲೆ ಪೂರ್ತಿ ಒಣಗಿಸಿಯೇ ಹಾಕಿ. ನೀರು ಚಿಮ್ಮದಿದ್ದರೆ ತೂತುಗಳಲ್ಲಿ ಸಾಬೂನು ಗಟ್ಟಿಯಾಗಿರಬಹುದು, ಬಿಸಿನೀರಿನಲ್ಲಿ ನೆನೆಸಿ ಸೂಜಿಯಿಂದ ಹಗುರಾಗಿ ಬಿಡಿಸಿ. ಹೀರುವ ಶಕ್ತಿ ಕುಗ್ಗಿದರೆ ರಿಪೇರಿಯವರನ್ನು ಕರೆಯುವ ಮೊದಲು ನಾಲ್ಕು ನೋಡಿ: ಮುಚ್ಚಳ ಕೂತಿದೆಯೆ, ತೇಲುಬುಂಡೆ ಸಿಕ್ಕಿಕೊಂಡಿದೆಯೆ, ಸೋಸುಕ ಕಟ್ಟಿದೆಯೆ, ಕೊಳವೆ ಬಿರುಕು ಬಿಟ್ಟಿದೆಯೆ. ಹೆಚ್ಚಿನ ದೂರುಗಳು ಇಲ್ಲೇ ಮುಗಿಯುತ್ತವೆ. ಸುಟ್ಟ ವಾಸನೆ, ಕಿಡಿ ಕಂಡರೆ ಮಾತ್ರ ಕೂಡಲೇ ನಿಲ್ಲಿಸಿ. ಮೋಟಾರಿನ ಕಾರ್ಬನ್ ಬ್ರಷ್ಷು ಸವೆದಿರಬಹುದು, ಅದು ಬಲ್ಲವರ ಕೆಲಸ.

ಕಡಲ ಗಾಳಿಯಲ್ಲಿ ಉಪ್ಪಿದೆ. ತಿರುಪು, ಬಿಜಾಗರಿಗಳನ್ನು ಒಣಬಟ್ಟೆಯಲ್ಲಿ ಒರೆಸಿಡಿ. ಯಂತ್ರವನ್ನು ನೆಲದ ಮೇಲಿಡದೆ ಹಲಗೆಯ ಮೇಲಿಡಿ. ಇಲಿಗೆ ವಯರು ಪ್ರಿಯ, ಜಿರಲೆಗೆ ಕೊಳವೆಯ ಕತ್ತಲೆ ಪ್ರಿಯ.

ಕೊಳ್ಳಬೇಕೆ?

ಮನೆಯಲ್ಲಿ ಒಂದೇ ಒಂದು ಕಂಬಳಿ ಇದ್ದು, ವರ್ಷಕ್ಕೆರಡು ಸಲ ತೊಳೆಯುವುದಾದರೆ ಯಂತ್ರ ಅಗತ್ಯವಿಲ್ಲ. ತೊಳೆದುಕೊಡುವವರಿಂದ ಮಾಡಿಸಬಹುದು, ಅಥವಾ ನಾಲ್ಕು ಮನೆ ಸೇರಿ ಒಂದನ್ನು ಕೊಳ್ಳಬಹುದು. ಸೋಫಾ, ಹಾಸಿಗೆ, ಕಾರಿನ ಸೀಟು ಎಲ್ಲ ಇರುವ ಮನೆಗೆ ಇದು ಉಪಯೋಗಿ. ಉಬ್ಬಸದ ಮಗುವಿರುವ ಮನೆಯವರು ಮಾತ್ರ ಇನ್ನೊಂದು ಹೆಜ್ಜೆ ಯೋಚಿಸಬೇಕು: ಆ ಮಗು ಮಲಗುವ ಕೋಣೆಗೆ ಕಂಬಳಿ ಬೇಕೇ ಬೇಕೆ? ಯಂತ್ರ ಧೂಳನ್ನು ಕಡಿಮೆ ಮಾಡೀತು, ವೈದ್ಯರ ಸಲಹೆಗೆ ಬದಲಾಗಲಾರದು. ಒರೆಸಬಹುದಾದ ನೆಲ, ಕೊಡವಬಹುದಾದ ಚಾಪೆ ನಮ್ಮ ಹವೆಗೆ ಹಿರಿಯರು ಕಂಡುಕೊಂಡ ಉತ್ತರ.

ವಿದ್ಯಾರ್ಥಿಗಳಿಗೆ ಒಂದು ಕೆಲಸ. ಮುಂದಿನ ಸಲ ತೊಳೆದಾಗ ಕೊಳೆನೀರನ್ನು ಗಾಜಿನ ಲೋಟದಲ್ಲಿ ಒಂದು ಗಂಟೆ ಅಲುಗದಂತೆ ಇಡಿ. ಮೊದಲು ತಳ ಸೇರುವುದು ಮರಳು, ಅದರ ಮೇಲೆ ಕೆಂಪು ಜೇಡಿ, ಮೇಲೆ ತೇಲುವುದು ಕೂದಲು ಮತ್ತು ಜಿಡ್ಡು. ಮನೆಯವರು ಎಲ್ಲೆಲ್ಲಿ ಓಡಾಡಿದರು, ಏನೇನು ಚೆಲ್ಲಿದರು ಎಂಬ ದಿನಚರಿಯೇ ಆ ಲೋಟದಲ್ಲಿರುತ್ತದೆ. ಅಮ್ಮ ಮಾತ್ರ ತೊಳೆಯಬೇಕಾದ ಕೊಳೆ ಅದಲ್ಲ ಎಂಬುದೂ ಆಗ ತಿಳಿಯುತ್ತದೆ.

ಆ ಕುಂದಾಪುರದ ಮನೆಗೆ ಮರಳೋಣ. ಯಂತ್ರ ಪೆಟ್ಟಿಗೆಗೆ ಮರಳಲಿ. ಬೂಷ್ಟು ಬಂದ ಅಂಚನ್ನು ಒಣಬಟ್ಟೆಯಲ್ಲಿ ಮನೆಯ ಹೊರಗೆ ಒರೆಸಿ, ಕಂಬಳಿಯನ್ನು ಫ್ಯಾನಿನಡಿ ಒಣಗಿಸಿ, ಹುಡುಗನ ಕೋಣೆಯಿಂದ ದೂರ ಎತ್ತರದಲ್ಲಿ ಸುತ್ತಿಡಲಿ. ನೆಲಕ್ಕೆ ಚಾಪೆ ಬರಲಿ. ಮಳೆ ಕಳೆದು, ಜನವರಿಯ ಬಿಸಿಲು ಅಂಗಳಕ್ಕೆ ಬಿದ್ದ ದಿನ ಅತ್ತೆಯೇ ಹೇಳಿಯಾರು, ಈಗ ತೊಳೆಯಬಹುದು ಎಂದು. ಒಣಗಿಸಲಾಗದ್ದನ್ನು ಒದ್ದೆ ಮಾಡಬಾರದು. ಯಾವ ಕಂಪೆನಿಯ ಕೈಪಿಡಿಗಿಂತಲೂ ನಮ್ಮ ಕರಾವಳಿಗೆ ಹೊಂದುವ ಮೊದಲ ಪಾಠ ಇದೇ.

ನೆನಪಿಡಿ

* ಮೊದಲು ಒಣ ಧೂಳು ತೆಗೆಯಿರಿ, ಆಮೇಲೆ ನೀರು.
* ಹೊಸ ದ್ರಾವಣವನ್ನು ಕಾಣದ ಮೂಲೆಯಲ್ಲಿ ಪರೀಕ್ಷಿಸಿ.
* ಸಾಬೂನು ಅಳತೆ ಮೀರದಿರಲಿ. ಒಮ್ಮೆ ಒದ್ದೆ ಮಾಡಿದರೆ ಎರಡು ಸಲ ಹೀರಿ.
* ಒಂದು ದಿನದೊಳಗೆ ಒಣಗುವ ಭರವಸೆಯಿಲ್ಲದಿದ್ದರೆ ತೊಳೆಯಬೇಡಿ.
* ರಬ್ಬರ್ ಚಪ್ಪಲಿ, ಅರ್ತಿಂಗ್, 16 ಆಂಪಿಯರ್ ಸಾಕೆಟ್ - ಮೂರೂ ಇರಲಿ.
* ತೊಟ್ಟಿಗಳನ್ನು ಅಂದೇ ತೊಳೆದು, ತೆರೆದಿಟ್ಟು ಒಣಗಿಸಿ.